ಮೂಕಿಚಿತ್ರದಲ್ಲಿ ಕುದ್ರನಾ ಅವರು ಆಡಿದ ಮಾತು

ವೆಂದೆಲೀನ್ ಕುದ್ರನಾ ಅವರಷ್ಟು ಸಲ ಸತ್ತವರು ಪ್ರಾಗಿನ ನಮ್ಮ ಜಿಷ್ಕೋವ್ ಬಡಾವಣೆಯಲ್ಲಿ ಇನ್ನೊಬ್ಬರಿರಲಿಲ್ಲ. ವಲ್ತಾವಾ ನದಿಯಲ್ಲಿ ಮುಳುಗಿ ಸತ್ತಿದ್ದರು. ಸ್ವೀಡನ್ನಿನ ಸೈನಿಕರ ಈಟಿಗೆ ಎದೆಯೊಡ್ಡಿ ಸತ್ತಿದ್ದರು. ಒಮ್ಮೆ ಕುದುರೆಗಾಡಿಯ ಕೆಳಗೆ ಸಿಕ್ಕಿ ಸತ್ತು, ಅದೇ ಚಿತ್ರದ ಮುಂದಿನ ದೃಶ್ಯದಲ್ಲಿ ತಮ್ಮ ಶವಪೆಟ್ಟಿಗೆಗೆ ತಾವೇ ಹೆಗಲು ಕೊಟ್ಟಿದ್ದರು. ಜನ ಸಾಲದಿದ್ದಾಗ ಚಿತ್ರದವರು ಹಾಗೆಲ್ಲ ಮಾಡುತ್ತಿದ್ದರು. ಆದರೆ ಈ ಸಾವುಗಳೆಲ್ಲ ಕ್ಯಾಮೆರಾದಿಂದ ಎಷ್ಟು ದೂರದಲ್ಲಿ ನಡೆಯುತ್ತಿದ್ದವೆಂದರೆ, “ಅಗೋ, ಆ ಕಪ್ಪು ಚುಕ್ಕಿ ನಾನು” ಎಂದು ಅವರು ಕುರ್ಚಿಯಿಂದ ಎದ್ದು ಛತ್ರಿ ಚಾಚಿ ತೋರಿಸಬೇಕಾಗುತ್ತಿತ್ತು. ಅವರು ತೋರಿಸುವಷ್ಟರಲ್ಲಿ ಚುಕ್ಕಿ ಸತ್ತಿರುತ್ತಿತ್ತು.

ನಾನು ನಮ್ಮ ಬೀದಿಯ ಚಿತ್ರಮಂದಿರದಲ್ಲಿ ಪಿಯಾನೋ ನುಡಿಸುತ್ತಿದ್ದವನು. ಚಿತ್ರಗಳಿಗೆ ಇನ್ನೂ ಮಾತು ಬಂದಿರಲಿಲ್ಲ. ಪರದೆಯ ಮೇಲೆ ಯಾರು ಅತ್ತರೂ, ಯಾರು ನಕ್ಕರೂ ಸದ್ದು ನನ್ನದು. ಕುದ್ರನಾ ಅವರೂ ನಾನೂ ಒಂದೇ ವಠಾರದವರು, ಒಂದೇ ಮಹಡಿಯವರು. ಆದ್ದರಿಂದ ಈ ವಿಷಯದಲ್ಲಿ ನನ್ನ ಮಾತನ್ನು ನಂಬಬಹುದು.

ಹಗಲು ಹೊತ್ತು ಅವರು ಕೈಗವಸಿನ ಅಂಗಡಿಯಲ್ಲಿ ಗುಮಾಸ್ತರು. ಗಿರಾಕಿಯ ದಪ್ಪ ಕೈ ಗವಸಿನೊಳಗೆ ಹೋಗದಿದ್ದರೆ ಗವಸನ್ನು ಬೈಯುತ್ತಿದ್ದರೇ ಹೊರತು ಕೈಯನ್ನಲ್ಲ. ಯಾರ ಮನಸ್ಸನ್ನೂ ನೋಯಿಸಲಾರದ ಮನುಷ್ಯ. ವಠಾರವನ್ನು ನೋಡಿಕೊಳ್ಳುವ ರೌಬಲೋವಾ ಅಮ್ಮನವರು ಮೆಟ್ಟಿಲು ಗುಡಿಸದೆ ಬಿಟ್ಟು, ಕುದ್ರನಾ ಅವರು ಆಲೂಗೆಡ್ಡೆ ಸಿಪ್ಪೆಯ ಮೇಲೆ ಜಾರಿ ಬಿದ್ದರೆ, “ನಿಮ್ಮ ಮೆಟ್ಟಿಲಿಗೆ ಪೆಟ್ಟಾಗಲಿಲ್ಲ ತಾನೇ ಅಮ್ಮಾವ್ರೇ” ಎಂದು ಕೇಳುವರು. ಎದುರು ಮನೆಯ ಪೋಶ್ತೋಲ್ಕಾ ಅವರು ಚಕ್ರವರ್ತಿಯ ಕಾಲದಲ್ಲಿ ತೆರಿಗೆ ಕಚೇರಿಯ ಅಧಿಕಾರಿಯಾಗಿದ್ದು ನಿವೃತ್ತರಾದವರು. ಅವರ ಉದ್ದ ಒಳಚಡ್ಡಿಗಳು ಮೊಗಸಾಲೆಯ ಹಗ್ಗದ ಮೇಲೆ ಕುದ್ರನಾ ಅವರ ಕಿಟಕಿಗೆ ಅಡ್ಡಲಾಗಿ ತೂಗುತ್ತಿದ್ದವು. ಕುದ್ರನಾ ಅವರು ಹಗಲಲ್ಲೂ ದೀಪ ಹಚ್ಚಿಕೊಂಡರೇ ವಿನಾ ಒಂದು ಮಾತು ಆಡಲಿಲ್ಲ.

ಇನ್ನು ಅಪೊಲೇನಾ ಅವರ ವಿಷಯ. ಆಕೆ ವಠಾರದ ಕೆಳಗಿನ ಮಾಂಸದಂಗಡಿಯ ಒಡತಿ, ವಿಧವೆ, ಗಟ್ಟಿಗಿತ್ತಿ, ನಲವತ್ತರ ಆಸುಪಾಸು. ಕುದ್ರನಾ ಅವರಿಗೆ ಆಕೆಯ ಮೇಲೆ ಜೀವ. ಪ್ರತಿ ಭಾನುವಾರ ಆಕೆಯ ಮನೆಯಲ್ಲಿ ಅವರಿಗೆ ಊಟ: ಹಂದಿಮಾಂಸ, ಹುಳಿ ಎಲೆಕೋಸು, ಜೊತೆಗೆ ಆಕೆ ಸ್ವಂತ ಕೈಯಾರೆ ಮಾಡಿದ ಹಿಟ್ಟಿನ ಕಡುಬು. ಕಡುಬೆಂದರೆ ಆಕೆಗೆ ಹೆಮ್ಮೆ. ಕುದ್ರನಾ ಅವರು ಕಣ್ಣಲ್ಲಿ ನೀರು ತುಂಬಿಕೊಂಡು ತಿನ್ನುತ್ತಿದ್ದರು. ಆ ನೀರನ್ನು ಆಕೆ ಆನಂದಬಾಷ್ಪವೆಂದು ತಿಳಿದಿದ್ದಳು.

ಹೀಗೆ ಹೊರಗೆ ಆಡದ ಮಾತುಗಳೆಲ್ಲ ಒಳಗೆ ಎಲ್ಲಿಗೆ ಹೋಗಬೇಕು? ಕುದ್ರನಾ ಅವರು ಮಲಗುವ ಮುನ್ನ ಹಾಸಿಗೆಯಲ್ಲಿ ಅವನ್ನೆಲ್ಲ ಒಂದೊಂದಾಗಿ, ಪ್ರಾರ್ಥನೆಯ ಧಾಟಿಯಲ್ಲಿ, ಗೋಡೆಗೆ ಹೇಳಿ ಮಲಗುತ್ತಿದ್ದರು. ಗೋಡೆಗೆ ಕಿವಿಯುಂಟೆನ್ನುತ್ತಾರೆ. ಆದರೆ ಅವರಿಗೆ ಕುತ್ತು ತಂದದ್ದು ಕಿವಿಯಲ್ಲ.

ಆ ಬೇಸಿಗೆಯಲ್ಲಿ ಅವರ ನಸೀಬು ತೆರೆಯಿತು. ಪ್ರೊಕೂಪೆಕ್ ಎಂಬ ನಿರ್ದೇಶಕರು ಗಿರಣಿಯವನ ಮಗಳೊಬ್ಬಳು ಪ್ರೇಮದಲ್ಲಿ ಸೋತು ಸಾಯುವ ಚಿತ್ರವನ್ನು ತೆಗೆಯುತ್ತಿದ್ದರು. ಮರಣಶಯ್ಯೆಯ ಬಳಿ ನಿಂತು ಪ್ರಾರ್ಥಿಸುವ ಪಾದ್ರಿಯ ವೇಷದವನು ಕಾಮಾಲೆ ಹಿಡಿದು ಮಲಗಿಬಿಟ್ಟ. ಅವನ ನಿಲುವಂಗಿ ಮೈಗೆ ಸರಿಹೊಂದಿದ್ದು ಕುದ್ರನಾ ಅವರೊಬ್ಬರಿಗೆ. ಕಲೆ ತನ್ನವರನ್ನು ಹೀಗೆಯೇ ಆರಿಸಿಕೊಳ್ಳುವುದು.

ಅವರು ಲ್ಯಾಟಿನ್ ಪ್ರಾರ್ಥನೆಯನ್ನು ಬಾಯಿಪಾಠ ಮಾಡಿಕೊಂಡು ಹೋದರು. ಗಾಜಿನ ಚಾವಣಿಯ ಸ್ಟುಡಿಯೋ, ಮೇಲೆ ಬಿಸಿಲು, ಸುತ್ತ ದೀಪ. ಕ್ಯಾಮೆರಾ ಮೊಟ್ಟಮೊದಲ ಬಾರಿಗೆ ಅವರ ಮೂಗಿನ ಹತ್ತಿರ ಬಂದು ನಿಂತಿತು. ಕ್ಯಾಮೆರಾದವನು ಹಿಡಿ ತಿರುಗಿಸಲು ಶುರುಮಾಡಿದ್ದೇ ತಡ, ಲ್ಯಾಟಿನ್ ಅವರನ್ನು ಬಿಟ್ಟು ಹೋಯಿತು.

“ತುಟಿ ಆಡ್ಸಯ್ಯಾ” ಎಂದು ನಿರ್ದೇಶಕರು ಕೂಗಿದರು. “ಏನಾದ್ರೂ ಹೇಳು. ಯಾರಿಗೆ ಕೇಳ್ಸುತ್ತೆ? ಭಕ್ತಿ ಒಂದು ಇರ್ಲಿ ಸಾಕು.”

ಭಕ್ತಿಯ ಧಾಟಿಯಲ್ಲಿ ಕುದ್ರನಾ ಅವರಿಗೆ ಬಾಯಿಗೆ ಬರುತ್ತಿದ್ದದ್ದು ಒಂದೇ. ಅವರು ಕೈ ಜೋಡಿಸಿ, ಕಣ್ಣು ಮೇಲಕ್ಕೆತ್ತಿ, ಶುರುಮಾಡಿದರು: “ರೌಬಲೋವಾ ಮೆಟ್ಟಿಲು ಗುಡಿಸುವುದು ಮನೆ ಯಜಮಾನ ಬರುವ ದಿನ ಮಾತ್ರ, ಆಮೆನ್. ಪೋಶ್ತೋಲ್ಕಾ ಅವರ ಒಳಚಡ್ಡಿ ನನ್ನ ಪಾಲಿನ ಸೂರ್ಯನನ್ನು ನುಂಗಿದೆ, ಆಮೆನ್. ಪಿಯಾನೋ ಮೇಷ್ಟರಿಗೆ ಬರುವುದು ಎರಡೇ ರಾಗ, ಒಂದು ಮದುವೆಗೆ, ಒಂದು ಸಾವಿಗೆ, ಯಾವುದು ಯಾವುದೆಂದು ಅವರಿಗೂ ತಿಳಿಯದು, ಆಮೆನ್. ಅಪೊಲೇನಾ, ನನ್ನ ಜೀವವೇ, ನಿನ್ನ ಕಡುಬನ್ನು ಕಿಟಕಿಯಿಂದ ಎಸೆದರೆ ಟ್ರಾಮು ಹಳಿ ತಪ್ಪುತ್ತದೆ, ಭಾನುವಾರ ತಿಂದದ್ದು ಬುಧವಾರದವರೆಗೆ ಹೊಟ್ಟೆಯಲ್ಲಿ ಕಲ್ಲಾಗಿ ಕೂತಿರುತ್ತದೆ, ಆಮೆನ್.”

ನನ್ನ ಬಗ್ಗೆ ಹೇಳಿದ್ದು ಶುದ್ಧ ಅಪಪ್ರಚಾರವೆಂದು ಇಲ್ಲಿಯೇ ತಿಳಿಸಿಬಿಡುತ್ತೇನೆ.

ಹಾಸಿಗೆಯ ಮೇಲೆ ಸಾಯುತ್ತಿದ್ದ ನಾಯಕಿ ಯಾರ್ಮಿಲಾ ಇದನ್ನೆಲ್ಲ ಕೇಳಿ ನಗು ತಡೆಯಲಾರದೆ ತುಟಿ ಕಚ್ಚಿಕೊಂಡಳು. ಭುಜ ಕುಲುಕಿತು, ಹೊಟ್ಟೆ ನಡುಗಿತು, ಕಣ್ಣಿನಿಂದ ದಳದಳ ನೀರು ಸುರಿಯಿತು. ಕಡುಬಿನ ಮಾತು ಬಂದಾಗ ಮುಖವನ್ನು ದಿಂಬಿನಲ್ಲಿ ಹುದುಗಿಸಿ ಒಮ್ಮೆ ಜೋರಾಗಿ ಅದುರಿ ತಣ್ಣಗಾದಳು. ನಿರ್ದೇಶಕರು ಟೋಪಿ ತೆಗೆದರು. “ಇಪ್ಪತ್ತು ವರ್ಷದಲ್ಲಿ ಇಂಥ ಸಾವು ನಾನು ನೋಡಿಲ್ಲ” ಎಂದರು.

ಚಿತ್ರ ನಮ್ಮ ಬೀದಿಗೆ ಬಂದ ದಿನ ವಠಾರಕ್ಕೆ ವಠಾರವೇ ಬೀಗ ಹಾಕಿ ಹೊರಟಿತು. ಮುಂದಿನ ಸಾಲಿನಲ್ಲಿ ಕುದ್ರನಾ ಅವರು ಮೀಸೆಗೆ ಮೇಣ ಹಚ್ಚಿಕೊಂಡು ಕೂತಿದ್ದರು. ಒಂದು ಪಕ್ಕದಲ್ಲಿ ಅಪೊಲೇನಾ, ಇನ್ನೊಂದು ಪಕ್ಕದಲ್ಲಿ ರೌಬಲೋವಾ ಅಮ್ಮ. ಪರದೆಯ ತುಂಬ ಅವರ ಮುಖ ಬಂದಾಗ ಯಾರೂ ಛತ್ರಿ ಚಾಚಬೇಕಾಗಲಿಲ್ಲ. ನಾನು ಸಾವಿನ ರಾಗವನ್ನು ನುಡಿಸಿದೆ. ಪೋಶ್ತೋಲ್ಕಾ ಅವರು ಮೂಗು ಸೀಟಿದ ಸದ್ದು ನನ್ನ ಪಿಯಾನೋವನ್ನು ಮೀರಿ ಕೇಳಿಸಿತು. ರೌಬಲೋವಾ ಅಮ್ಮ ಬಿಕ್ಕಿ ಬಿಕ್ಕಿ ಅತ್ತರು. ಅಪೊಲೇನಾ ಕುದ್ರನಾ ಅವರ ತೋಳು ಹಿಡಿದುಕೊಂಡು, “ಇಂಥ ಪ್ರಾರ್ಥನೆ ಮಾಡೋ ಬಾಯಲ್ಲಿ ಸುಳ್ಳು ಬರಲ್ಲ. ಕ್ರಿಸ್‌ಮಸ್ ಕಳೀಲಿ, ಮದುವೆಗೆ ನಾನು ಒಪ್ಪಿದೀನಿ” ಎಂದಳು.

ಅಷ್ಟರಲ್ಲಿ ಹಿಂದಿನ ಸಾಲಿನಲ್ಲಿ ಯಾರೋ ಹೋ ಎಂದು ನಕ್ಕರು.

ಒಬ್ಬರಲ್ಲ, ಒಂದು ಸಾಲೇ ನಗುತ್ತಿತ್ತು. ತೊಡೆ ತಟ್ಟಿಕೊಂಡು, ಒಬ್ಬರ ಬೆನ್ನು ಒಬ್ಬರು ಗುದ್ದಿಕೊಂಡು, ಗಿರಣಿಯವನ ಮಗಳು ಪ್ರಾಣ ಬಿಡುವ ಹೊತ್ತಿಗೆ ಕುರ್ಚಿಯಿಂದ ಜಾರುವಂತೆ ನಗುತ್ತಿದ್ದರು. ಅವರು ನಗರದ ಕಿವುಡರ ಸಂಘದ ಸದಸ್ಯರು. ಮಾತಿಲ್ಲದ ಚಿತ್ರದಲ್ಲಿ ಅವರಿಗೂ ನಮಗೂ ಭೇದವಿಲ್ಲವಾದ್ದರಿಂದ ಒಟ್ಟಾಗಿ ಬರುವ ರೂಢಿ. ಅವರ ನಡುವೆ ನಮ್ಮದೇ ವಠಾರದ ದರ್ಜಿ ಇಗ್ನಾಟ್ಸ್ ಲೆಬೆದಾ ಕರವಸ್ತ್ರದಿಂದ ಕಣ್ಣೊರೆಸಿಕೊಳ್ಳುತ್ತಿದ್ದರು.

“ನಾಚಿಕೆ ಆಗ್ಬೇಕು, ಸಾಯೋರ ಮುಂದೆ ನಗ್ತಾರೆ” ಎಂದು ರೌಬಲೋವಾ ಅಮ್ಮ ತಿರುಗಿ ಬೈದರು. ಲೆಬೆದಾ ಆ ಅಮ್ಮನ ಮುಖ ನೋಡಿ ಇನ್ನಷ್ಟು ನಕ್ಕರು.

ಮಾರನೆಯ ಬೆಳಿಗ್ಗೆ ರೌಬಲೋವಾ ಅಮ್ಮ ಪೊರಕೆ ಹಿಡಿದು ಅಂಗಳದಲ್ಲಿ ಲೆಬೆದಾ ಅವರಿಗೆ ಅಡ್ಡ ನಿಂತರು. ಲೆಬೆದಾ ಅವರಿಗೆ ಚಿಕ್ಕಂದಿನಲ್ಲಿ ಜ್ವರ ಬಂದು ಕಿವಿ ಹೋದದ್ದು. ಮಾತು ಬರುತ್ತದೆ, ಒಂದೇ ಮಟ್ಟದಲ್ಲಿ, ಎಲ್ಲ ಮಹಡಿಗಳಿಗೂ ಕೇಳುವ ಹಾಗೆ. ಎದುರಿನವರ ತುಟಿ ನೋಡಿ ಮಾತು ತಿಳಿಯುವರು. ಮಾತು ಬೇಡವೆನಿಸಿದಾಗ ಕಣ್ಣು ಮುಚ್ಚುವರು. ಅಲ್ಲಿಗೆ ಸಂಭಾಷಣೆ ಮುಗಿಯಿತು. ವಠಾರದ ಗಂಡಸರೆಲ್ಲ ಈ ಒಂದು ಸೌಕರ್ಯಕ್ಕಾಗಿ ಅವರನ್ನು ಕಂಡು ಕರುಬುತ್ತಿದ್ದೆವು.

“ಪಾದ್ರಿ ಪ್ರಾರ್ಥನೆ ಮಾಡ್ತಿದ್ರೆ ನಗೋದೇನ್ರೀ ಲೆಬೆದಾ?”

“ಅದು ಪ್ರಾರ್ಥನೆ ಅಲ್ಲ” ಎಂದರು ಲೆಬೆದಾ. ಮೇಲಿನ ಮೊಗಸಾಲೆಗಳಲ್ಲಿ ಬಾಗಿಲುಗಳು ತೆರೆದುಕೊಂಡವು. “ನಮ್ಮ ವಠಾರದ ವಿಷಯ. ಎಲ್ಲರದ್ದೂ ಹೇಳಿದಾರೆ. ಏನು ಅಂತ ಮಾತ್ರ ಕೇಳ್ಬೇಡಿ, ನಾನು ಮರ್ಯಾದಸ್ಥ.” ಹೀಗೆಂದು ಕಣ್ಣು ಮುಚ್ಚಿದರು.

ಅಷ್ಟು ಸಾಕಾಯಿತು. ಮಧ್ಯಾಹ್ನದ ಹೊತ್ತಿಗೆ ಇಡೀ ಬೀದಿಗೆ ಗೊತ್ತಾಗಿತ್ತು, ಏನೆಂದು ಮಾತ್ರ ಗೊತ್ತಿರಲಿಲ್ಲ. ಹೀಗಾಗಿ ಪ್ರತಿಯೊಬ್ಬರೂ ತಮ್ಮ ತಮ್ಮ ಗುಟ್ಟನ್ನು ನೆನೆದು ಬೆವರಿದರು. ಬಿಯರಂಗಡಿಯವನು ಅಂದಿನಿಂದ ಪೀಪಾಯಿಗೆ ನೀರು ಬೆರೆಸುವುದನ್ನು ನಿಲ್ಲಿಸಿದ. ನಮ್ಮ ಬೀದಿಯಲ್ಲಿ ಆ ವಾರ ಎಷ್ಟು ಜನ ತೂರಾಡಿದರೆಂದು ಹೇಳತೀರದು. ಹಾಲಿನವಳು ಪಾತ್ರೆ ತುಂಬಿ ಚೆಲ್ಲುವಂತೆ ಅಳೆದಳು. ಕುದ್ರನಾ ಅವರು ಎದುರು ಬಂದರೆ ಜನ ಟೋಪಿ ಎತ್ತಿ ಪಕ್ಕಕ್ಕೆ ಸರಿಯುತ್ತಿದ್ದರು. ಖ್ಯಾತಿಯೆಂದರೆ ಇದೇ ಇರಬೇಕೆಂದು ಅವರು ತಿಳಿದರು, ಪಾಪ.

ಪೋಶ್ತೋಲ್ಕಾ ಅವರ ಗುಟ್ಟು ಎಲ್ಲಕ್ಕಿಂತ ದೊಡ್ಡದು. ಚಕ್ರವರ್ತಿ ಹೋಗಿ ಗಣರಾಜ್ಯ ಬಂದು ಎಷ್ಟೋ ವರ್ಷವಾಗಿತ್ತು. ಆದರೂ ಅವರ ಕಪಾಟಿನೊಳಗೆ, ಚಳಿಗಾಲದ ಕೋಟಿನ ಹಿಂದೆ, ಚಕ್ರವರ್ತಿಯ ದೊಡ್ಡ ಚಿತ್ರಪಟವೊಂದು ಇತ್ತು. ಚಕ್ರವರ್ತಿಯ ಹುಟ್ಟುಹಬ್ಬದಂದು ಅದಕ್ಕೆ ಒಂದು ಲೋಟ ಬಿಯರ್ ತೋರಿಸಿ ತಾವು ಕುಡಿಯುವರು. ಕುದ್ರನಾ ಅದನ್ನೇ ಹೇಳಿರಬೇಕೆಂದು ಅವರಿಗೆ ಖಾತ್ರಿಯಾಯಿತು. ಮೂವತ್ತು ವರ್ಷ ಸರ್ಕಾರಿ ಕಚೇರಿಯಲ್ಲಿದ್ದವರು, ಮೊದಲು ದೂರು ಕೊಟ್ಟವನೇ ಸಭ್ಯ ಎಂಬುದನ್ನು ಅರಿತವರು. ಕೋಲೂರಿಕೊಂಡು ಸರ್ಕಾರದ ಕಚೇರಿಗೆ ಹೋಗಿ, ಆ ನಟ ಚಿತ್ರದಲ್ಲಿ ಗಣರಾಜ್ಯವನ್ನು ಬೈದಿದ್ದಾನೆಂದು ಹೇಳಿ ಬಂದರು.

ಮೂರನೆಯ ದಿನ ವೊಮಾಚ್ಕಾ ಎಂಬ ಅಧಿಕಾರಿಗಳು ವಠಾರಕ್ಕೆ ಬಂದಿಳಿದರು. ತೆಳ್ಳನೆಯ ಮನುಷ್ಯ, ಕಪ್ಪು ಚೀಲ, ಮುಖದಲ್ಲಿ ನಗು ಹುಟ್ಟಿದ ಗುರುತೇ ಇಲ್ಲ.

“ಚಿತ್ರದ ಪರದೆ ಮೇಲೆ ಬರೋ ಬರಹಕ್ಕೆಲ್ಲ ನಮ್ಮ ಒಪ್ಪಿಗೆ ಇದೆ” ಎಂದರು. “ತುಟಿಗೆ ಒಪ್ಪಿಗೆ ಕೊಟ್ಟಿಲ್ಲ.”

“ತುಟಿಗೂ ಒಪ್ಪಿಗೆ ಬೇಕಾ ಸ್ವಾಮಿ?” ಎಂದರು ರೌಬಲೋವಾ ಅಮ್ಮ.

“ಇಲ್ಲೀವರೆಗೆ ಬೇಕಾಗಿರಲಿಲ್ಲ. ಇಲ್ಲೀವರೆಗೆ ಅದನ್ನ ಯಾರೂ ಓದಿ ದೂರು ಕೊಟ್ಟಿರಲಿಲ್ಲ. ಶನಿವಾರ ಬೆಳಿಗ್ಗೆ ಚಿತ್ರಮಂದಿರದಲ್ಲಿ ವಿಚಾರಣೆ. ಆ ದರ್ಜಿ ಪರದೆ ಪಕ್ಕ ನಿಂತು ಓದ್ಬೇಕು. ವಠಾರದವರೆಲ್ಲ ಸಾಕ್ಷಿಗೆ ಬರ್ಬೇಕು.”

ಆಗ ಕುದ್ರನಾ ಅವರಿಗೆ ಖ್ಯಾತಿಯ ನಿಜಸ್ವರೂಪ ತಿಳಿಯಿತು. ಅವರು ನನ್ನ ಕೋಣೆಗೆ ಬಂದು, ಬಾಗಿಲು ಹಾಕಿ, ಅಂದು ಹೇಳಿದ್ದನ್ನೆಲ್ಲ ಒಪ್ಪಿಸಿದರು. ನನ್ನ ರಾಗದ ವಿಷಯ ಬಂದಾಗ ನನ್ನ ಮುಖ ನೋಡಿ, “ಮೇಷ್ಟ್ರೇ, ಅದು ಭಾವಾವೇಶದಲ್ಲಿ” ಎಂದರು.

“ನನ್ನದು ಬಿಡಿ” ಎಂದೆ, ದೊಡ್ಡ ಮನಸ್ಸು ಮಾಡಿ. “ಕಡುಬಿನ ಗತಿ ಏನು?”

ಅವರು ತಲೆ ಹಿಡಿದುಕೊಂಡರು. ಇಬ್ಬರೂ ಲೆಬೆದಾ ಅವರ ಅಂಗಡಿಗೆ ಹೋದೆವು. ಲೆಬೆದಾ ಒಂದು ಪ್ಯಾಂಟಿಗೆ ಇಸ್ತ್ರಿ ಹಾಕುತ್ತ ಕೂತಿದ್ದರು.

“ಲೆಬೆದಾ ಅವರೇ, ಮಿಕ್ಕಿದ್ದೆಲ್ಲ ಓದಿ. ಅಪೊಲೇನಾದು ಒಂದು ಬಿಟ್ಬಿಡಿ. ನನ್ನ ಸಂಸಾರ ಶುರುವಾಗೋ ಮುಂಚೆ ಮುಗಿಸ್ಬೇಡಿ” ಎಂದರು ಕುದ್ರನಾ.

ಲೆಬೆದಾ ಇಸ್ತ್ರಿ ಪೆಟ್ಟಿಗೆಯನ್ನು ಎತ್ತಿಟ್ಟರು. ಅವರ ಮುಖದಲ್ಲಿ ಅಂದು ನಕ್ಕ ನಗು ಇರಲಿಲ್ಲ.

“ರೌಬಲೋವಾ ಅಮ್ಮಂದು ಹೇಳಿದಿರಿ” ಎಂದರು. “ಆ ಮುದುಕಂದು ಹೇಳಿದಿರಿ. ಈ ಪಿಯಾನೋ ಮೇಷ್ಟ್ರದ್ದೂ ಹೇಳಿದಿರಿ, ಅವರ ರಾಗ ನನಗೆ ಕೇಳ್ಸಲ್ಲ, ಅದು ನನ್ನ ಅದೃಷ್ಟ. ನಾನು ಎಲ್ಲಿ?”

“ನೀವಾ?”

“ಇಷ್ಟು ವರ್ಷದಿಂದ ನಿಮ್ಮ ಗೋಡೆ ಪಕ್ಕದಲ್ಲೇ ಇದೀನಿ. ಹೊಲಿಗೆ ಮೆಷಿನ್ ತುಳಿದು ತುಳಿದು ನೆಲ ನಡುಗಿಸ್ತೀನಿ. ನೀವು ಕೊಟ್ಟ ಕೋಟಿನ ತೋಳು ಒಂದು ಉದ್ದ ಒಂದು ಗಿಡ್ಡ ಮಾಡಿದೀನಿ. ನನ್ನ ಬೈಯೋಕೆ ನಿಮಗೆ ಬಾಯಿ ಬರಲಿಲ್ವಾ? ಸಂಘದವರೆಲ್ಲ ಕೇಳಿದ್ರು, ‘ವಠಾರದವರನ್ನೆಲ್ಲ ಹೇಳ್ದ, ನಿನ್ನ ಹೆಸರೇ ಎತ್ತಲಿಲ್ವಲ್ಲೋ, ನೀನು ಅಲ್ಲಿ ಇರೋದೇ ಅವನಿಗೆ ಗೊತ್ತಿಲ್ವಾ’ ಅಂತ.”

ಕುದ್ರನಾ ಅವರು ತಮ್ಮ ಕೋಟಿನ ತೋಳುಗಳನ್ನು ಮುಂದೆ ಚಾಚಿ ನೋಡಿಕೊಂಡರು. ಒಂದು ನಿಜಕ್ಕೂ ಗಿಡ್ಡವಿತ್ತು. “ನಿಮ್ಮ ಮನಸ್ಸು ನೋಯುತ್ತೆ ಅಂತ ಗೋಡೆಗೂ ಹೇಳಿರ್ಲಿಲ್ಲ” ಎಂದರು.

“ಎಲ್ಲರ ಮನಸ್ಸೂ ನೋಯ್ಸಿ ನನ್ನದೊಂದು ಬಿಟ್ರೆ ಅದಕ್ಕಿಂತ ನೋವು ಬೇರೆ ಇದೆಯಾ?”

ಕೊನೆಗೆ ಒಂದು ಒಪ್ಪಂದವಾಯಿತು. ಲೆಬೆದಾ ಅವರು ಕಡುಬನ್ನು ನುಂಗುವುದು, ಅದರ ಬದಲಿಗೆ ತಮ್ಮ ಹೆಸರನ್ನು ಎಲ್ಲಿಯಾದರೂ ತುರುಕುವುದು.

ಶನಿವಾರ ಚಿತ್ರಮಂದಿರ ತುಂಬಿ ತುಳುಕಿತು. ವಠಾರದವರಲ್ಲದವರೂ ತಾವು ಸಾಕ್ಷಿಗಳೆಂದು ಹೇಳಿಕೊಂಡು ಒಳಗೆ ನುಗ್ಗಿದ್ದರು. ನಿರ್ದೇಶಕ ಪ್ರೊಕೂಪೆಕ್ ಬೆವರೊರೆಸಿಕೊಳ್ಳುತ್ತ ಕೂತಿದ್ದರು. ವಿಚಾರಣೆಗೆ ಸಂಗೀತ ಬೇಕಿಲ್ಲವೆಂದು ವೊಮಾಚ್ಕಾ ಹೇಳಿದರೂ, ಪರದೆ ಬೆಳಗಿದ ಕೂಡಲೇ ನನ್ನ ಕೈ ತಾನಾಗಿ ಪಿಯಾನೋ ಮೇಲೆ ಹೋಯಿತು. ಲೆಬೆದಾ ಪರದೆಯ ಪಕ್ಕ ಕೋಲು ಹಿಡಿದು ನಿಂತು, ಒಂದೇ ಮಟ್ಟದ ದನಿಯಲ್ಲಿ ಓದಿದರು.

“ರೌಬಲೋವಾ ಮೆಟ್ಟಿಲು ಗುಡಿಸುವುದು ಮನೆ ಯಜಮಾನ ಬರುವ ದಿನ ಮಾತ್ರ, ಆಮೆನ್.”

ಜನ ಗೊಳ್ಳೆಂದರು. ರೌಬಲೋವಾ ಅಮ್ಮ ಎದ್ದು ನಿಂತು, “ಸುಳ್ಳು ಸ್ವಾಮಿ. ಈಸ್ಟರಿಗೂ ಗುಡಿಸ್ತೀನಿ” ಎಂದರು.

“ಪೋಶ್ತೋಲ್ಕಾ ಅವರ ಒಳಚಡ್ಡಿ ನನ್ನ ಪಾಲಿನ ಸೂರ್ಯನನ್ನು ನುಂಗಿದೆ, ಆಮೆನ್.”

ಪೋಶ್ತೋಲ್ಕಾ ಅವರ ಮುಖ ಅರಳಿತು. “ಇಷ್ಟೇನಾ? ಕಪಾಟಿನ ವಿಷಯ ಏನೂ ಇಲ್ವಾ?”

“ಯಾವ ಕಪಾಟು?” ಎಂದರು ವೊಮಾಚ್ಕಾ.

“ಯಾವುದೂ ಇಲ್ಲ ಸ್ವಾಮಿ. ನಮ್ಮ ಮನೇಲಿ ಕಪಾಟೇ ಇಲ್ಲ.”

ಆಮೇಲೆ ನನ್ನದು ಬಂತು. ನಾನು ಆಗ ನುಡಿಸುತ್ತಿದ್ದುದು ಮದುವೆಯದೋ ಸಾವಿನದೋ ಎಂದು ಅರೆಕ್ಷಣ ನನಗೂ ಅನುಮಾನವಾಯಿತು.

ಪರದೆಯ ಮೇಲೆ ಕುದ್ರನಾ ಅವರ ತುಟಿ ಆಡುತ್ತಲೇ ಇತ್ತು. ಲೆಬೆದಾ ಕಣ್ಣು ಮುಚ್ಚಿದರು. ಪಾದ್ರಿ ಕೊನೆಯ ಆಮೆನ್ ಹೇಳಿ, ಬಾಯಿ ಮುಚ್ಚಿ, ಸತ್ತವಳ ಮೇಲೆ ಶಿಲುಬೆಯ ಗುರುತು ಮಾಡುವಾಗ ಕಣ್ಣು ತೆರೆದು, “ಲೆಬೆದಾ ಹೊಲಿದ ಕೋಟು ತೊಟ್ಟರೆ ಗೂನನೂ ಸೇನಾಪತಿಯಂತೆ ಕಾಣುತ್ತಾನೆ, ಇಂಥ ದರ್ಜಿ ಪ್ರಾಗಿನಲ್ಲೇ ಇಲ್ಲ, ಆಮೆನ್” ಎಂದು ಓದಿದರು. ಹಿಂದಿನ ಸಾಲಿನಲ್ಲಿ ಅವರ ಸಂಘದವರು ಪಕ್ಕೆ ಹಿಡಿದುಕೊಂಡು ನಕ್ಕರು.

“ನಿಲ್ಲಿಸಿ” ಎಂದರು ವೊಮಾಚ್ಕಾ. “ಇಲ್ಲಿ ಬಾಯಿ ಮುಚ್ಚಿದೆ.”

“ಮೂಗಿನಲ್ಲಿ ಹೇಳಿದಾರೆ.”

“ಅದಕ್ಕೆ ಮುಂಚೆ ಬಾಯಿ ತೆರೆದಿತ್ತು. ಆಗ ನೀವು ಓದ್ಲಿಲ್ಲ.”

“ಆಗ ಕೆಮ್ಮಿದ್ರು.”

“ಇಷ್ಟು ಹೊತ್ತು?”

“ಹಳೇ ಕೆಮ್ಮು.”

ವೊಮಾಚ್ಕಾ ಅವರು ಸುರುಳಿಯನ್ನು ಹಿಂದಕ್ಕೆ ಸುತ್ತಿಸಿ ಮತ್ತೆ ತೋರಿಸಿದರು. ಲೆಬೆದಾ ಮತ್ತೆ ಕಣ್ಣು ಮುಚ್ಚಿದರು. ಅಧಿಕಾರಿಗಳು ಕುದ್ರನಾ ಅವರತ್ತ ತಿರುಗಿದರು.

“ಬಾಯಿಬಿಟ್ಟು ಹೇಳಲಾಗದ ಮಾತು ಅಂದ್ರೆ ಅದು ದೇಶದ್ರೋಹದ್ದೇ. ಚಿತ್ರ ನಿಲ್ಲುತ್ತೆ. ನಿರ್ದೇಶಕರನ್ನೂ ವಿಚಾರಿಸ್ಬೇಕಾಗುತ್ತೆ. ನೀವು ಜೈಲಿಗೆ. ಕೊನೇ ಸಲ ಕೇಳ್ತೀನಿ, ಏನಂದ್ರಿ?”

ಕುದ್ರನಾ ಅವರು ಎದ್ದು ನಿಂತರು. ಒಮ್ಮೆ ಅಪೊಲೇನಾಳನ್ನು ನೋಡಿದರು. ಹೊಸ ಟೋಪಿ ಹಾಕಿಕೊಂಡು ಬಂದಿದ್ದಳು.

“ಬರ್ಕೊಳ್ಳಿ ಸ್ವಾಮಿ” ಎಂದರು. “ಗಣರಾಜ್ಯವನ್ನ ಬೈದೆ. ನಾನೊಬ್ಬನೇ ಬೈದೆ, ನಿರ್ದೇಶಕರಿಗೆ ಸಂಬಂಧ ಇಲ್ಲ.”

ವೊಮಾಚ್ಕಾ ಪೆನ್ಸಿಲ್ ಎತ್ತಿದರು. “ಏನಂತ ಬೈದ್ರಿ?”

“ಏನಂತ ಬೈದ್ರೆ ಸರಿ?”

“ಬೈದವರು ನೀವು. ನನ್ನ ಕೇಳ್ತೀರಾ?”

“ಸಾಮಾನ್ಯವಾಗಿ ಜನ ಏನಂತಾರೋ ಅದೇ ಹಾಕ್ಕೊಳ್ಳಿ ಸ್ವಾಮಿ. ನನಗೆ ಯಾವುದಾದ್ರೂ ಆಗುತ್ತೆ.”

ಪ್ರೊಕೂಪೆಕ್ ಕುರ್ಚಿಯಲ್ಲಿ ಕುಸಿದರು. ಬಿಯರಂಗಡಿಯವನು, “ಜೈಲಿಗೆ ಹೋಗೋಕೂ ಬೇರೆಯವರ ಸಲಹೆ ಬೇಕಲ್ಲಪ್ಪ ಇವರಿಗೆ” ಎಂದ. ಆಗ ಅಪೊಲೇನಾ ಎದ್ದಳು. ಮಾಂಸ ಕಡಿದು ಪಳಗಿದ ಕೈ ಮುಂದಿನ ಕುರ್ಚಿಯ ಬೆನ್ನನ್ನು ಹಿಡಿದಿತ್ತು.

“ಕುದ್ರನಾ ಅವರೇ, ಅವರನ್ನ ಬಿಡಿ, ಇಲ್ಲಿ ನೋಡಿ. ಇವತ್ತಿನವರೆಗೆ ಒಂದು ನಾಯಿಗೂ ಹಚಾ ಅಂದವರಲ್ಲ ನೀವು. ಗಣರಾಜ್ಯ ನಿಮಗೇನು ಮಾಡಿತ್ತು? ನಿಜ ಹೇಳಿ.”

ಬಹಳ ಹೊತ್ತು ಅವರ ತುಟಿ ಬರಿದೇ ಆಡಿತು. ಲೆಬೆದಾ ಒಬ್ಬರಿಗೆ ಅದು ತಿಳಿಯಿತೇನೋ, ಮುಖ ಪಕ್ಕಕ್ಕೆ ತಿರುಗಿಸಿದರು.

“ಕಡುಬು” ಎಂದರು ಕುದ್ರನಾ.

“ಯಾವ ಕಡುಬು?”

“ನಿಮ್ಮ ಕಡುಬು. ಕಿಟಕಿಯಿಂದ ಎಸೆದ್ರೆ ಟ್ರಾಮು ಹಳಿ ತಪ್ಪುತ್ತೆ ಅಂದೆ.”

“ಆಮೇಲೆ?”

“ಭಾನುವಾರ ತಿಂದದ್ದು ಬುಧವಾರದವರೆಗೂ ಹೊಟ್ಟೇಲಿ ಕಲ್ಲಾಗಿ ಕೂತಿರುತ್ತೆ ಅಂದೆ.”

“ಆಮೇಲೆ?”

“ಆಮೆನ್ ಅಂದೆ.”

ಯಾರೂ ನಗಲಿಲ್ಲ. ವೊಮಾಚ್ಕಾ ಅವರು ಪೆನ್ಸಿಲನ್ನು ಜೇಬಿಗೆ ಹಾಕಿಕೊಂಡರು. “ಕಡುಬು ನಮ್ಮ ಇಲಾಖೆಗೆ ಬರಲ್ಲ. ಚಿತ್ರ ನಡೀಲಿ” ಎಂದು ಚೀಲ ಮುಚ್ಚಿದರು. ಅಪೊಲೇನಾ ಟೋಪಿ ಸರಿಮಾಡಿಕೊಂಡು, ಸಾಲಿನಲ್ಲಿದ್ದವರ ಮೊಣಕಾಲುಗಳನ್ನು ದಾಟಿ, ಹೊರಗೆ ಹೋದಳು.

ಚಿತ್ರವೇನೋ ನಡೆಯಿತು, ಹಿಂದೆಂದೂ ನಡೆಯದ ಹಾಗೆ ನಡೆಯಿತು. ನದಿಯಾಚೆಯ ಹೋಲೆಶೋವಿತ್ಸೆ ಕಡೆಯಿಂದಲೂ ಜನ ಬಂದು ಪಾದ್ರಿ ಬಾಯಿ ತೆರೆದ ಕೂಡಲೇ ಎಲ್ಲರೂ ಒಟ್ಟಿಗೆ ಮೆಟ್ಟಿಲಿನ ಮಾತು, ಒಳಚಡ್ಡಿಯ ಮಾತು ಹೇಳತೊಡಗಿದರು. ಅಪರಿಚಿತರು ನಮ್ಮ ಮೆಟ್ಟಿಲು ನೋಡಲು ಬಂದರು. ರೌಬಲೋವಾ ಅಮ್ಮ ಮೊದಲು ಕುದ್ರನಾ ಅವರ ಮೇಲೆ ಕೆಂಡವಾಗಿದ್ದವರು, ಆಮೇಲೆ ಬಂದವರಿಗೆ, “ಹ್ಞಾಂ, ಆ ಪಿಚ್ಚರ್ ರೌಬಲೋವಾ ನಾನೇ” ಎಂದು ಪೊರಕೆ ಹಿಡಿದು ನಿಲ್ಲತೊಡಗಿದರು. ಗುಡಿಸಲು ಮಾತ್ರ ಅವರಿಗೆ ಈಗ ಮೊದಲಿಗಿಂತಲೂ ಕಡಿಮೆ ಬಿಡುವು.

ಕುದ್ರನಾ ಅವರಿಗೆ ಇದು ಯಾವುದೂ ಬೇಡವಾಗಿತ್ತು. ಕೈಗವಸಿನ ಅಂಗಡಿಯಲ್ಲಿ ಎಡಗೈಗೆ ಬಲಗೈಯದನ್ನು ತೊಡಿಸಿದರು. ಪ್ರತಿದಿನ ಸಂಜೆ ಅಪೊಲೇನಾಳ ಅಂಗಡಿಗೆ ಹೋಗಿ ಗಿರಾಕಿಗಳ ಸಾಲಿನಲ್ಲಿ ನಿಂತು ಒಂದು ಸಾಸೇಜು ಕೇಳುವರು. ಆಕೆ ತೂಗಿ, ಕಾಗದದಲ್ಲಿ ಸುತ್ತಿ, “ಮುಂದಿನವರು” ಎನ್ನುವಳು. ಆ ಸಾಸೇಜುಗಳನ್ನು ಅವರು ತಿನ್ನಲಾರದೆ ತಂದು ನನಗೆ ಕೊಡುತ್ತಿದ್ದರು. ನನ್ನ ಮಟ್ಟಿಗೆ ಅದು ಸಮೃದ್ಧಿಯ ಕಾಲವಾದರೂ ನೋಡಲಾಗುತ್ತಿರಲಿಲ್ಲ.

ಕೊನೆಗೆ ಲೆಬೆದಾ ಅವರೇ ಹೊರಟರು. ಮಧ್ಯಾಹ್ನ ಅಂಗಡಿ ಖಾಲಿಯಿದ್ದಾಗ ಹೋಗಿ ಅಪೊಲೇನಾಳ ಎದುರು ನಿಂತರು. ಅವರ ದನಿಯ ಗುಣದಿಂದಾಗಿ ಆ ಖಾಸಗಿ ಮಾತುಕತೆ ನಮಗೆಲ್ಲ ಮೂರನೇ ಮಹಡಿಯವರೆಗೂ ಕೇಳಿತು.

“ಅವರು ಒಂದು ಮಾತು ಹೇಳದೆ ಬಿಟ್ರು” ಎಂದರು ಲೆಬೆದಾ.

ಆಕೆ ಏನು ಕೇಳಿದಳೋ ನಮಗೆ ಕೇಳಿಸಲಿಲ್ಲ.

“ಇಲ್ಲ, ಇದು ಬೈಗುಳ ಅಲ್ಲ. ಕಡುಬಿಗೆ ಮುಂಚೆ, ‘ಅಪೊಲೇನಾ, ನನ್ನ ಜೀವವೇ’ ಅಂತ ಅಂದ್ರು. ಅಷ್ಟು ಜನದಲ್ಲಿ ಹಾಗೆ ಕರೆದದ್ದು ಒಬ್ಬರನ್ನೇ. ನಾನು ಬೇಕಾದಷ್ಟು ಸಲ ನೋಡಿದೀನಿ, ಹಾಗನ್ನುವಾಗ ಅವರ ತುಟಿ ಬೇರೆ ಥರ ಆಗುತ್ತೆ.”

ಮತ್ತೆ ಆಕೆಯ ಸರದಿ. ಸುಮಾರು ಹೊತ್ತು.

“ಯಾಕೆ ಹೇಳಲಿಲ್ಲ ಅಂದ್ರೆ? ನೀವು ಕೇಳಿದ್ದು ಆಮೇಲೆ ಏನು, ಆಮೇಲೆ ಏನು ಅಂತ. ಮುಂಚೆ ಏನು ಅಂತ ಕೇಳಲಿಲ್ವಲ್ಲ” ಎಂದರು ಲೆಬೆದಾ. ಆಮೇಲೆ ಕಣ್ಣು ಮುಚ್ಚಿರಬೇಕು, ಮಾತು ನಿಂತಿತು.

ಆ ಭಾನುವಾರ ಮಧ್ಯಾಹ್ನ ಅಪೊಲೇನಾ ಬಟ್ಟೆ ಸುತ್ತಿದ ಪಾತ್ರೆಯೊಂದನ್ನು ಎರಡೂ ಕೈಯಲ್ಲಿ ಹಿಡಿದು ಮೆಟ್ಟಿಲು ಹತ್ತಿ ಬಂದಳು. ವಠಾರದಲ್ಲಿ ಆ ಹೊತ್ತಿಗೆ ಸರಿಯಾಗಿ ಎಲ್ಲರಿಗೂ ಮೊಗಸಾಲೆಯಲ್ಲಿ ಏನೋ ಕೆಲಸ ಬಂದಿತ್ತು. ರೌಬಲೋವಾ ಅಮ್ಮ ಕಟಕಟೆ ಒರೆಸಿದರು. ಪೋಶ್ತೋಲ್ಕಾ ಅವರು ಹಗ್ಗದ ಮೇಲಿನ ಒಳಚಡ್ಡಿಗಳನ್ನು, ಬಟ್ಟೆ ಇನ್ನೂ ಹಸಿಯಿದ್ದರೂ, ಪಕ್ಕಕ್ಕೆ ಸರಿಸಿದರು. ಸೂರ್ಯನಿಗಾಗಿ ಅಲ್ಲ, ತಮಗೆ ಕಾಣಬೇಕೆಂದು. ಲೆಬೆದಾ ಕಿಟಕಿಗೆ ನೇರವಾಗಿ ಕುರ್ಚಿ ಹಾಕಿ ಕೂತರು. ಕುದ್ರನಾ ಅವರ ಕಿಟಕಿ ತೆರೆದಿತ್ತು.

ಆಕೆ ಮೇಜಿನ ಮೇಲೆ ಪಾತ್ರೆಯಿಟ್ಟು ಆಲೂಗೆಡ್ಡೆ ಸೂಪು ಬಡಿಸಿದಳು. ಅಣಬೆಯ ಘಮ ನಮ್ಮ ತನಕ ಬಂತು.

“ತಿನ್ನಿ” ಎಂದಳು. “ತಿಂದು, ಹೇಗಿದೆ ಹೇಳಿ.”

ಕುದ್ರನಾ ಅವರು ಒಂದು ಚಮಚ ಬಾಯಿಗಿಟ್ಟರು. ಮೀಸೆ ಒರೆಸಿಕೊಂಡರು. ಎರಡನೆಯ ಚಮಚ ತೆಗೆದುಕೊಂಡರು. ‘ಅಮೃತ’ ಎಂಬ ಮಾತು ಅವರ ನಾಲಗೆಯ ತುದಿಗೆ ಬಂದು ನಿಂತದ್ದನ್ನು ನಾವು ಕಿಟಕಿಯಾಚೆಯಿಂದಲೇ ಕಂಡೆವು. ಅವರು ಅದನ್ನು ನುಂಗಿದರು. ಬೆನ್ನು ನೆಟ್ಟಗೆ ಮಾಡಿಕೊಂಡು, ಆಕೆಯ ಮುಖ ನೋಡಿದರು.

“ಉಪ್ಪು ಕಡಿಮೆ” ಎಂದರು.

ರೌಬಲೋವಾ ಅಮ್ಮ ಶಿಲುಬೆಯ ಗುರುತು ಮಾಡಿಕೊಂಡರು. ಪೋಶ್ತೋಲ್ಕಾ ಅವರು ಹಸಿ ಒಳಚಡ್ಡಿಯನ್ನು ಗಟ್ಟಿಯಾಗಿ ಹಿಡಿದುಕೊಂಡರು. ಅಪೊಲೇನಾ ಅವರದೇ ಚಮಚ ತೆಗೆದುಕೊಂಡು ಅದೇ ಬಟ್ಟಲಿನಿಂದ ಒಂದು ಗುಟುಕು ಕುಡಿದು, ತಲೆ ಆಡಿಸಿದಳು.

“ಹೌದು, ಕಡಿಮೆ ಆಗಿದೆ” ಎಂದು ಉಪ್ಪಿನ ಭರಣಿಯನ್ನು ತಂದು ಅವರ ಮುಂದಿಟ್ಟು, ಎದುರಿನ ಕುರ್ಚಿ ಎಳೆದು ಕೂತಳು. ಕೂತವಳು ಎದ್ದು ಬಂದು, ನಮ್ಮೆಲ್ಲರನ್ನೂ ಒಮ್ಮೆ ನೋಡಿ, ಕಿಟಕಿ ಹಾಕಿದಳು.